ಜಗ್ಗಿನಲ್ಲಿ ಐದು ಗರಿ

ಜೂನ್ 10, ಸೋಮವಾರ

ರೂಯ್ಬೊಸ್ ಚಹಾ. ಮೂರು ಕಪ್ಪಿಗೆ ಬಗ್ಗಿಸಿದೆ. ಮೂರನೆಯದನ್ನು ಚೆಲ್ಲಿದೆ. ಇವತ್ತೂ.

ಜಗ್ಗಿನ ನೀರು ಬದಲಿಸಿದೆ. ಒಲೆಯ ಮೇಲಿನ ಕಿಟಕಿಯಲ್ಲಿಟ್ಟರೂ ಜರೀಗಿಡದ ಐದು ಗರಿಯೂ ಹಸಿರು. ನನ್ನ ಗಂಡ ಕೂಬಸ್ ಕಾಡಿಂದ ತಂದಿಟ್ಟದ್ದು. ಮಾರನೆ ದಿನ, ಮೇ ಒಂಬತ್ತು, ಗಾಳಿಗೆ ಮುದಿ ಮರದ ಕೊಂಬೆ... ಸಂಜೆ ಅವನನ್ನು ಲಾರಿಯಲ್ಲೇ ತಂದರು. ಗರಿ ಕಟ್ಟುಗಳ ಪಕ್ಕ ಮಲಗಿಸಿ.

ಈ ಜರೀಗಿಡಕ್ಕೆ ನಮ್ಮ ಕಡೆ ಏಳು ವಾರದ ಗಿಡ ಅಂತಲೇ ಹೆಸರು. ಕುಯ್ದ ಗರಿ ತೊಗಲಿನ ಹಾಗೆ ಗಟ್ಟಿ, ಅಷ್ಟು ದಿನ ಬಾಡುವುದಿಲ್ಲ. ಏಳು ವಾರ ನೋಡೋಣ.

ಜೂನ್ 12

ಹೂವಿನಂಗಡಿಗಳಿಗೆ ಗರಿ ಕುಯ್ಯುವ ತಂಡದ ಮುಖಂಡ ಮಾರ್ಟಿನಸ್ ಬಂದಿದ್ದ. ಟೋಪಿ ಕೈಯಲ್ಲಿ.

“ಲೆನಾ, ಕೂಬಸ್ ಜಾಗಕ್ಕೆ ನೀನು ಬರ್ತೀಯೋ, ಬೇರೆಯವರನ್ನ ಸೇರಿಸ್ಕೊಳ್ಳಲೋ? ತಿಂಗಳ ಕೊನೆಗೆ ಕಾಡಿನ ಪರ್ಮಿಟ್‌ನಲ್ಲಿ ಹೆಸರು ಬರೆಸ್ಬೇಕು.”

“ಅವನು ತಂದದ್ದು ಬಾಡಲಿ ಮಾರ್ಟಿನಸ್. ಆಮೇಲೆ ಹೇಳ್ತೀನಿ.”

ಒಳಗಿಂದ ಅತ್ತೆ: “ಅದು ಬಾಡೋತನಕ ನೀನೂ ಎದುರಿಗೆ ಕೂತು ಬಾಡು! ಅವನ ಬೂಟು ಬಾಗಿಲಲ್ಲೇ ಬಿದ್ದಿದೆ. ಎಡವಿ ನಾನೂ ಸಾಯ್ತೀನಿ, ಆಗ ಆ ಜಾಗಾನೂ ಖಾಲಿ. ಬೂಟು ಯಾರಿಗಾದ್ರೂ ಕೊಟ್ಟುಬಿಡೇ!”

ಅವನನ್ನು ಹೆತ್ತವರ ಮಾತು ಇದು. ಮಣ್ಣು ಮಾಡಿದ ದಿನವೂ ಅವರು ಅಳಲಿಲ್ಲ.

ಜೂನ್ 19

ಕಿಟಕಿ ಒರೆಸಲು ಜಗ್ಗು ಎತ್ತಿದೆ. ಸುತ್ತ ಕಂದು ಪುಡಿ. ಗರಿ ತಿರುಗಿಸಿದೆ. ಅಡಿಯಲ್ಲೆಲ್ಲ ಕಂದು ಚುಕ್ಕಿ, ಮುಟ್ಟಿದರೆ ಉದುರುತ್ತದೆ.

ಉಳಿದ ನಾಲ್ಕನ್ನೂ ತಿರುಗಿಸಿ ನೋಡಿದೆ.

ಪುಡಿ ಉದುರುವ ಗರಿಯನ್ನು ಹೂವಿನಂಗಡಿಯವರು ವಾಪಸ್ ಕಳಿಸುತ್ತಾರೆ. ಇಪ್ಪತ್ತಾರು ವರ್ಷ ಕೂಬಸ್ ಪ್ರತಿ ಗರಿಯನ್ನೂ ತಿರುಗಿಸಿ ನೋಡಿಯೇ ಕುಯ್ದವನು. ದಂಟಿನ ತುದಿ ನೋಡಿದೆ. ಅವನದು ಒಂದೇ ಏಟು, ಓರೆ. ಇದು ಇಲಿ ಕಡಿದ ಹಾಗಿದೆ. ಐದೂ ಹಾಗೇ.

ಇವು ಅವನವಲ್ಲ.

ನನಗೆ ತಿಳಿಯದ ಹಾಗೆ ಯಾರೋ ಒಂದೊಂದಾಗಿ ಬದಲಿಸಿದ್ದಾರೆ. ನಾನು ದಿನಾ ನೀರು ಹಾಕಿದ್ದು ಯಾವುದಕ್ಕೆ? ಅವನವು ಎಲ್ಲಿ?

ಜೂನ್ 20, ಬೆಳಿಗ್ಗೆ

ಹಿತ್ತಲಲ್ಲಿ, ನೀರಿನ ಟ್ಯಾಂಕಿನ ನೆರಳಿಗೆ ಅವನು ಮಾಡಿದ ಪಾತಿ. ಕಾಡಿಂದ ಈ ಗಿಡದ ಬೇರು ತಂದು, ಎಲೆಗೊಬ್ಬರ ಹಾಕಿ ಸಾಕಿದ್ದು. ಪ್ರತಿ ಗಿಡದಲ್ಲೂ ಅರ್ಧದಷ್ಟು ಗರಿ ಬಿಡಬೇಕು ಅನ್ನುತ್ತಿದ್ದ. ಈಗ ಪಾತಿ ಬೋಳು. ಎಳೆಯವಷ್ಟೇ ಉಳಿದಿವೆ. ಅವನ್ನು ಕುಯ್ದರೆ ಗಂಟೆಯೊಳಗೆ ಜೋತುಬೀಳುತ್ತವೆ.

ಮಣ್ಣಲ್ಲಿ ಬ್ರೆಡ್ ಚಾಕು. ಅಡುಗೆಮನೆ ಬಾಗಿಲಿನಿಂದ ಪಾತಿಯವರೆಗೆ ಅತ್ತೆಯ ಊರುಗೋಲಿನ ಗುಳಿಗಳು.

ಅತ್ತೆಯ ಎರಡೂ ಕಣ್ಣಿಗೆ ಪೊರೆ. ಗಟ್ಟಿ ಗರಿ ಬೆರಳಿಗೆ ಸಿಗುತ್ತದೆ. ಕಂದು ಪುಡಿ ಕಾಣುವುದಿಲ್ಲ.

ಚಾಕು ತೊಳೆದು ಅದರ ಜಾಗದಲ್ಲಿಟ್ಟೆ. ಅತ್ತೆಯನ್ನು ಏನೂ ಕೇಳಲಿಲ್ಲ.

ಜೂನ್ 26

ಅತ್ತೆಗೆ ಜ್ವರ. ನಾಲ್ಕು ದಿನದಿಂದ ಎದ್ದಿಲ್ಲ. ದಿಂಬಿನ ಚೀಲ ಬದಲಿಸಹೋದೆ. ಅಡಿಯಲ್ಲಿ ಐದು ಒಣ ಗರಿ. ಓರೆ ತುದಿ.

ಇದ್ದಲ್ಲೇ ಇಟ್ಟೆ.

ಕಣ್ಣು ಮುಚ್ಚಿಕೊಂಡೇ ಕೇಳಿದರು. “ಜಗ್ಗಿನಲ್ಲಿರೋದು?”

“ಹಸಿರಾಗೇ ಇದೆ ಅಮ್ಮ.” ಸುಳ್ಳು. ಒಲೆಯ ಬಿಸಿಗೆ ಮೂರು ಮುದುಡಿವೆ, ಎರಡು ಕಂದು.

“ಮತ್ತೆ ಬೂಟು ಕೊಟ್ಟಿಲ್ಲ ತಾನೆ?”

“ಎಲ್ಲಿ ಕೊಟ್ಟೆ? ನೀವೇ ಬೈತಿದ್ರಲ್ಲ.”

“ಬೈದ್ರೆ ಕೊಟ್ಟುಬಿಡ್ತಾರೇನೇ, ಪೆದ್ದಿ...” “ನಾಳೆ ಒಂದು ಗರಿ ತಂದು ಕೈಗೆ ಕೊಡು. ಮುಟ್ಟಿ ನೋಡ್ತೀನಿ.”

ಬೆರಳಿಗೆ ಮೋಸ ಮಾಡಲಾಗುವುದಿಲ್ಲ. ಪಾತಿಯಲ್ಲಿ ಗಟ್ಟಿ ಗರಿ ಒಂದೂ ಇಲ್ಲ. ಇನ್ನು ಕಾಡಿನಲ್ಲೇ ಸಿಗಬೇಕು.

ಮಾರ್ಟಿನಸ್ ಮನೆಗೆ ಹೋಗಿ ಹೇಳಿ ಬಂದೆ — ನನ್ನ ಹೆಸರು ಬರೆಸು.

ಜೂನ್ 27, ಬೆಳಿಗ್ಗೆ ಆರು

ಅವನು ಹೋಗಿ ಇವತ್ತಿಗೆ ಏಳು ವಾರ. ಅವನ ಚಾಕು ಮಸೆದೆ. ಪಕ್ಕದ ಮನೆಯವಳು ಅತ್ತೆಯ ಹತ್ತಿರ ಇರುತ್ತಾಳೆ. ಕಾಡಿಗೆ ನನ್ನ ಚಪ್ಪಲಿ ಆಗದು. ಅವನ ಬೂಟಿಗೆ ಎರಡು ಜೊತೆ ಕಾಲುಚೀಲ ಹಾಕಿದರೂ ಹಿಮ್ಮಡಿ ಜಾರುತ್ತದೆ. ನೆಲಕ್ಕೆ ಬಡಿಯುತ್ತದೆ, ಅವನು ನಡೆದಾಗಿನ ಹಾಗೇ.

ಲಾರಿ ಹಾರನ್ ಆಯಿತು. ಇಷ್ಟು ಬರೆದು ಹೊರಡಬೇಕು...

ಬೂಟಿನ ಸದ್ದಿಗೆ ಒಳಗೆ ಮಂಚ ಕಿರುಗುಟ್ಟಿತು. ಅತ್ತೆ ಎದ್ದು ಕೂತಿದ್ದಾರೆ.

“ಕೂಬಸ್? ಬಂದ್ಯೇನೋ?”

ನಾನು ಬೂಟು ಬಿಚ್ಚದೆ ಒಳಗೆ ಹೋಗುತ್ತೇನೆ.