ದಿಬ್ಬಣದ ದೋಣಿಯಲ್ಲೊಂದು ಮುತ್ತು

ಹೆಲ್ಲೆವೋಗ್, ನಾರ್ವೆ
೧೯೫೫ ಮೇ ೧೦, ಮಂಗಳವಾರ

ಪ್ರೀತಿಯ ಸಿವರ್ಟ್,

ಕೆಮ್ಮು ಹೇಗಿದೆ? ಸುರಂಗದ ತೇವದಲ್ಲಿ ದಿನವಿಡೀ ನಿಲ್ಲುವವನು ಒದ್ದೆ ಕಾಲುಚೀಲ ಬದಲಿಸುತ್ತೀಯೋ ಇಲ್ಲವೋ. ನಾನು ಹೆಣೆದು ಕಳಿಸಿದ ಎರಡು ಜೊತೆ ತಲುಪಿರಬೇಕು. ಇಲ್ಲಿ ಎಲ್ಲರೂ ಚೆನ್ನಾಗಿದ್ದೇವೆ. ಕುರಿಗಳು ಹನ್ನೊಂದು ಮರಿ ಹಾಕಿವೆ. ಮಗಳು ಇಂಗಾಳ ಮುಂದಿನ ಹಲ್ಲು ಬಿದ್ದಿದೆ. ಚೆನ್ನಾಗಿಲ್ಲದ್ದು ನನ್ನ ಹೊಟ್ಟೆಯೊಂದೇ. ಅದು ಉರಿಯುತ್ತಿದೆ, ಊಟದ ದೋಷದಿಂದಲ್ಲ.

ಯುದ್ಧ ಮುಗಿದು ಹತ್ತು ವರ್ಷವಾಯಿತೆಂದು ಮೊನ್ನೆ ಭಾನುವಾರ ಊರವರು ನಿಮ್ಮ ಆ ಸುಳ್ಳು ಮದುವೆಯ ದಿಬ್ಬಣವನ್ನು ಮತ್ತೆ ಹೊರಡಿಸಿದರು. ಆಗ ಮದುಮಗಳಾಗಿ ಕೂತಿದ್ದ ನಿನ್ನ ರಾಗ್ನಾಳನ್ನೇ ಸ್ಟಾವಂಗರ್‌ನಿಂದ ಕರೆಸಿದ್ದರು. ಅಲ್ಲಿ ಟೋಪಿ ಅಂಗಡಿ ಇಟ್ಟಿದ್ದಾಳಂತೆ. ಮೂವತ್ತೈದಾದರೂ ಸೊಂಟ ಹಾಗೇ ಇದೆ, ನೋಡಿದೆ. ಅವಳ ತಲೆಗೆ ಚರ್ಚಿನ ಬೆಳ್ಳಿ ಕಿರೀಟವಿಟ್ಟು ದೋಣಿಯಲ್ಲಿ ಕೂರಿಸಿ, ನಿನ್ನ ಜಾಗದಲ್ಲಿ ಹೋಲ್ಮ್ ಮೇಷ್ಟ್ರನ್ನು ಕೂರಿಸಿದರು. ಪಿಟೀಲು ಬಾರಿಸಿದರು. ದಡದಲ್ಲಿ ಎಲ್ಲರಿಗೂ ಕಾಫಿ ಬಗ್ಗಿಸುವ ಕೆಲಸ ನನ್ನದು.

ಆಮೇಲೆ ಮೇಷ್ಟ್ರು ಕಥೆ ಹೇಳಿದರು. ನಲವತ್ತನಾಲ್ಕರಲ್ಲಿ ನೀವಿಬ್ಬರೂ ಮದುಮಕ್ಕಳ ವೇಷದಲ್ಲಿ ಕೂತದ್ದು, ಊಟದ ಬುಟ್ಟಿಗಳ ಕೆಳಗೆ ಜರ್ಮನರು ಹುಡುಕುತ್ತಿದ್ದ ಇಬ್ಬರು ಅಡಗಿದ್ದು, ಕೊಲ್ಲಿಯ ಬಾಯಲ್ಲಿ ಕಾವಲಿನವನು ದೋಣಿ ತಡೆದು, "ನಿಜವಾದ ಗಂಡುಹೆಣ್ಣಾದ್ರೆ ಒಂದು ಮುತ್ತು ಕೊಡ್ರಿ ನೋಡೋಣ" ಅಂದದ್ದು. ನಾನು ಈ ಊರಿಗೆ ಬಂದ ಹೊಸದರಲ್ಲಿ ಅದು ಬರೀ ಮುತ್ತಾಗಿತ್ತು. ವರ್ಷ ವರ್ಷವೂ ಹುಳಿಹಿಟ್ಟಿನಂತೆ ಉಬ್ಬಿ, ಈಗ ಅದು ಮುಗಿಯುವಷ್ಟರಲ್ಲಿ ದೋಣಿ ಆಚೆ ದಡ ಸೇರುತ್ತದೆ. ದಿನಸಿ ಅಂಗಡಿಯ ಓಲ್ಗಾ ಕಣ್ಣೊರೆಸಿಕೊಂಡು, "ಪ್ರೀತಿ ಇಲ್ದೆ ಅಂಥ ಧೈರ್ಯ ಎಲ್ಲಿಂದ ಬರ್ಬೇಕು" ಅಂದಳು. ಆಮೇಲೆ ನನ್ನ ಕಡೆ ತಿರುಗಿ, "ಮನಸ್ಸಿಗೆ ಹಚ್ಕೋಬೇಡ ಗುಡ್ನಿ, ನೀನೂ ಒಳ್ಳೆಯವಳೇ" ಅಂದಳು. ನಮ್ಮ ಮದುವೆಯಲ್ಲಿ ಇದ್ದದ್ದು ಐದು ಜನ, ನನ್ನ ಮೈಮೇಲೆ ಕಂಬಳಿ ಕತ್ತರಿಸಿ ಹೊಲಿದ ಕೋಟು. ಅದನ್ನು ಯಾರು ಕಥೆ ಮಾಡುತ್ತಾರೆ?

ಬಟ್ಟಲು ತೊಳೆಯಲು ರಾಗ್ನಾ ಬಂದಳು. ತಡೆಯಲಾರದೆ ಕೇಳಿಯೇಬಿಟ್ಟೆ: "ಆ ಮುತ್ತು ಎಷ್ಟು ಹೊತ್ತಿನದು?"

ಅವಳು ನಕ್ಕಳು. "ಕಾವಲಿನವನು ಮುತ್ತೂ ಕೇಳ್ಲಿಲ್ಲ, ಗಿತ್ತೂ ಕೇಳ್ಲಿಲ್ಲ ಕಣೆ. ನಿನ್ನ ಗಂಡ ಗಡಗಡ ನಡುಗ್ತಿದ್ದ. ಹಲ್ಲು ಕಟಕಟ ಅನ್ನೋದು ಕಾವಲಿನವನ ಕಿವಿಗೆ ಬೀಳತ್ತೆ ಅಂತ ನಾನೇ ತುಟಿಯಿಂದ ಇವನ ಬಾಯಿ ಮುಚ್ಚಿದೆ. ದಡ ಸೇರಿದ ಮೇಲೆ ನನ್ನ ಮಡಿಲಲ್ಲಿ ತಲೆಯಿಟ್ಟು ಅತ್ತ. ಯಾರಿಗೂ ಹೇಳ್ಬೇಡ ಅಂದ, ನಾನೂ ಹೇಳ್ಲಿಲ್ಲ. ನೀನು ಹೆಂಡ್ತಿ, ನಿಂಗೆ ಗೊತ್ತೇ ಇರತ್ತೆ ಅಂದ್ಕೊಂಡಿದ್ದೆ."

"ಗೊತ್ತಿತ್ತು" ಅಂದೆ. ಸುಳ್ಳು.

ಉರಿ ಆರಬೇಕಿತ್ತು, ಇನ್ನೂ ಹೆಚ್ಚಾಯಿತು. ಮುತ್ತು ಹಾಳಾಗಿ ಹೋಗಲಿ. ನಿನ್ನ ಅಳು ಅವಳಿಗೆ ಸಿಕ್ಕಿತು, ಸಿವರ್ಟ್. ಒಂಬತ್ತು ವರ್ಷದಲ್ಲಿ ನನಗೆ ಒಂದು ಬಿಸಿಯುಸಿರೂ ಸಿಕ್ಕಿಲ್ಲ. ಇಂಗಾ ಜ್ವರದಲ್ಲಿ ಬೇಯುತ್ತಿದ್ದ ದಿನ ನೀನು ಅಂಗಳದಲ್ಲಿ ಸಿಳ್ಳೆ ಹಾಕುತ್ತ ಕುಡುಗೋಲು ಮಸೆಯುತ್ತಿದ್ದೆ. ಒಳಗೆ ನಾನೊಬ್ಬಳೇ ಹೆದರಿದ್ದೆ ಅಂದುಕೊಂಡಿದ್ದೆ. ಪತ್ರಿಕೆಯವನು ಮನೆ ಬಾಗಿಲಿಗೆ ಬಂದು ದೋಣಿಯ ದಿನದ ವಿಷಯ ಕೇಳಿದಾಗ ಎಲ್ಲವನ್ನೂ ಹೇಳಿಬಿಡೋಣ ಅನ್ನಿಸಿತು. ಆದರೆ, "ಮೇಷ್ಟ್ರು ಹೇಳಿದ್ದೇ ಸರಿ" ಅಂದು ಒಳಗೆ ಬಂದೆ.

ಅತ್ತೆ ಆಶೀರ್ವಾದ ತಿಳಿಸಿದ್ದಾರೆ. ನಿನ್ನ ತಲೆಯ ಮೇಲಿನ ಬಂಡೆಗಳನ್ನು ದೇವರು ಅಲ್ಲಲ್ಲೇ ಇಟ್ಟಿರಲಿ.

ನಿನ್ನ
ಗುಡ್ನಿ

ತಾ. ಕ.: ಟಪಾಲಿನ ದೋಣಿ ಕೂಗುತ್ತಿದೆ. ನಿನ್ನ ಜೊತೆ ಕೆಲಸ ಮಾಡುವ ನಿಲ್ಸ್ ತನ್ನ ಹೆಂಡತಿಗೆ ಬರೆದಿದ್ದಾನೆ, ಏಪ್ರಿಲ್ ಇಪ್ಪತ್ತರಂದು ಸುರಂಗ ಕುಸಿದು ನೀವಿಬ್ಬರೂ ಐದು ಗಂಟೆ ಒಳಗೇ ಸಿಕ್ಕಿಕೊಂಡಿದ್ದಿರಂತೆ. ಮಾರನೆಯ ದಿನ ನೀನು ಬರೆದ ಕಾಗದ ನನ್ನ ಮುಂದಿದೆ. ಹವೆ ಚೆನ್ನಾಗಿದೆ, ಕಾಫಿ ಸಪ್ಪೆ ಎಂದಿದೆ. ಹೆದರಿದ್ದೆಯಾ? ನನಗೆ ಬರೆ. ಅಕ್ಷರ ಸೊಟ್ಟಗಿದ್ದರೂ ಓದಿಕೊಳ್ಳುತ್ತೇನೆ.