ಮುಖದ ದಾಸ್ತಾನು

ಮಾರ್ಚ್ ೩, ಸಂಜೆ

ಮತ್ತೆ ಬಿಳಿ ವಿಗ್. ಅಂಟಿನ ವಾಸನೆ. ನನ್ನ ಮಗನಾಗಿರುವ ಹೀರೊ ನನಗಿಂತ ಎರಡೇ ವರ್ಷ ಚಿಕ್ಕವನು. ಅವನ ತಲೆಗೆ ಕಪ್ಪು ಬಳಿಯುತ್ತಾರೆ, ನನ್ನ ತಲೆಗೆ ಬಿಳಿ. ಮೂವತ್ತಕ್ಕೇ ಅಮ್ಮ ಮಾಡಿ ಕೂರಿಸಿದರು. ಇವತ್ತು ಬಾಗಿಲಲ್ಲಿ ನಿಂತು ಗಾಬರಿಯಾದೆ. ಅಷ್ಟೇ ಕೆಲಸ.

ಆದರೂ ಡೈರೆಕ್ಟರ್ ಮಾತು ಕೊಟ್ಟಿದ್ದಾನೆ. ಈ ಸೀರಿಯಲ್ಲಿನ ತಾಯಿ ಒಂದು ದಿನ ಬಾಯಿ ಬಿಡುತ್ತಾಳೆ. ಮಗ ಮಾಡಿದ ಮೋಸವನ್ನು ಅವನ ಮುಖಕ್ಕೇ ಹೇಳುತ್ತಾಳೆ. ಪೂರ್ತಿ ಒಂದು ಎಪಿಸೋಡು... ಅದಕ್ಕಾಗಿಯೇ ಈ ವಿಗ್ ಸಹಿಸಿಕೊಂಡಿದ್ದೇನೆ.

ಮಾರ್ಚ್ ೯

ಹಳೆಯ ನಾಟಕ ತಂಡದಿಂದ ಫೋನ್. ಊರೂರು ಪ್ರದರ್ಶನ, ಮುಖ್ಯ ಪಾತ್ರ. ರಜೆ ಕೇಳಿದೆ. ಮ್ಯಾನೇಜರ್ ಗೊಣಗಲೇ ಇಲ್ಲ — ಆಗಲೇ ಅನುಮಾನ ಬರಬೇಕಿತ್ತು.

"ಹೋಗ್ಬನ್ನಿ ಅಮ್ಮ. ಅದಕ್ಕೆ ಮುಂಚೆ ಒಂದಿಷ್ಟು ರಿಯಾಕ್ಷನ್ ಕೊಟ್ಬಿಡಿ. ಸ್ಟಾಕ್ ಇಟ್ಕೋತೀವಿ, ಬೇಕಾದ ಕಡೆ ಅಂಟಿಸ್ತೀವಿ."

ಮಾರ್ಚ್ ೧೨, ಸಂಜೆ

ಬರೀ ಗೋಡೆ. ಎದುರಿಗೆ ಯಾರೂ ಇಲ್ಲ. "ಅಳಿ ಅಮ್ಮ. ಈಗ ಎಡಕ್ಕೆ ನೋಡಿ ಅಳಿ. ಸಿಟ್ಟು. ಅನುಮಾನ. ಸ್ವಲ್ಪ ಖುಷಿ." ಯಾರ ಮೇಲೆ ಸಿಟ್ಟು, ಯಾತಕ್ಕೆ ಖುಷಿ — ಕೇಳಬಾರದು. ಹುರುಪು ಬಂತು. ಕೇಳದ್ದನ್ನೂ ಕೊಟ್ಟೆ: ತಡೆದ ಅಳು, ನುಂಗಿದ ಅಳು, ನಗುತ್ತಲೇ ಅಳು. ಬಟ್ಟೆ ಬದಲಿಸಿ ಮತ್ತೆ ಎಲ್ಲ ಮೊದಲಿಂದ. ಲೈಟಿನವರು ಚಪ್ಪಾಳೆ ತಟ್ಟಿದರು. ಹೊಗಳಿದರೆ ಉಬ್ಬಿಹೋಗುವ ಬುದ್ಧಿ ನನಗೆ ಇನ್ನೂ ಹೋಗಿಲ್ಲ.

ಏಪ್ರಿಲ್ ೨

ನಾಟಕ ಮುಗಿಸಿ ಬಂದೆ. ಕೊನೆಯ ಊರಲ್ಲಿ ಅರ್ಧ ಹಾಲ್ ಖಾಲಿ. ಆದರೂ ದನಿ ಕೊನೆಯ ಸಾಲಿಗೆ ಮುಟ್ಟಿತು, ಮುಟ್ಟಿದ್ದು ಗೊತ್ತಾಗುತ್ತದೆ. ಬಂದವಳೇ ಮ್ಯಾನೇಜರ್‌ಗೆ ಫೋನ್ ಮಾಡಿದೆ. "ಡೇಟ್ ಹೇಳ್ತೀನಿ ಅಮ್ಮ."

ಏಪ್ರಿಲ್ ೧೯

ಹೇಳಲಿಲ್ಲ. ಆದರೆ ದಿನಾ ಸಂಜೆ ಟೀವಿಯಲ್ಲಿ ಇದ್ದೇನೆ. ಸೊಸೆ ಬಸುರಿ ಎಂದರೆ ಕಣ್ಣೊರೆಸಿಕೊಳ್ಳುತ್ತೇನೆ. ಅಂಗಡಿಗೆ ಬೆಂಕಿ ಬಿದ್ದರೂ ಅದೇ ಕಣ್ಣೀರು. ಔಷಧಿ ಅಂಗಡಿಯವನು ಹೇಳಿದ, "ನಿನ್ನೆ ತುಂಬಾ ಚೆನ್ನಾಗಿ ಅತ್ರಿ ಮೇಡಂ." ಥ್ಯಾಂಕ್ಸ್ ಎಂದೆ. ನಿನ್ನೆಯೆಲ್ಲ ಮನೆಯಲ್ಲಿ ಬಟ್ಟೆ ಒಗೆಯುತ್ತಿದ್ದೆ.

ನನ್ನ ಹೊಟ್ಟೆಯ ಮೇಲೆ ನಾನೇ ಹೊಡೆದುಕೊಂಡೆ. ಅದೂ ಚಪ್ಪಾಳೆ ಗಿಟ್ಟಿಸಿಕೊಂಡು.

ಏಪ್ರಿಲ್ ೨೪

ತಡೆಯಲಾಗದೆ ಸೆಟ್ಟಿಗೇ ಹೋದೆ. ಡೈರೆಕ್ಟರ್ ಕುರ್ಚಿ ಹಾಕಿಸಿದ, ಕಾಫಿ ತರಿಸಿದ. "ನೀವಿಲ್ಲ ಅನ್ನೋದೇ ಯಾರಿಗೂ ಗೊತ್ತಾಗಿಲ್ಲ ಅಮ್ಮ, ಅಷ್ಟು ಚೆನ್ನಾಗಿ ಕೊಟ್ಟಿದ್ದೀರಿ."

ಇದು ಹೊಗಳಿಕೆಯಂತೆ. "ನನ್ನ ಆ ಸೀನು?" ಎಂದೆ.

"ಬರ್ತಾ ಇದೆ. ನೋಡಿ ನೀವೇ."

ನೋಡಿ ಎಂದ. ಬನ್ನಿ ಎನ್ನಲಿಲ್ಲ.

ಮೇ ೬, ಸಂಜೆ

ಈಗಷ್ಟೇ ಮುಗಿಯಿತು. ತಂಗಿಯ ಜೊತೆ ಕೂತು ನೋಡಿದೆ. ಮಗನ ಮೋಸವನ್ನೆಲ್ಲ ಸೊಸೆ ಹೇಳಿದಳು. ನಾನು ಆಡಬೇಕಾದ ಮಾತು, ಒಂದೂ ಬಿಡದೆ. ಕೊನೆಗೆ, "ಅತ್ತೆ ಏನೂ ಹೇಳಲ್ಲ. ಅವರ ಮುಖ ನೋಡು, ಸಾಕು." ಕ್ಲೋಸಪ್‌ನಲ್ಲಿ ನನ್ನ ಮುಖ.

ತಂಗಿ ಅತ್ತುಬಿಟ್ಟಳು. "ಅಕ್ಕಾ, ಇಷ್ಟು ಚೆನ್ನಾಗಿ ನೀನು ಯಾವತ್ತೂ ಮಾಡಿರ್ಲಿಲ್ಲ."

ಅದು ಮಾಡಿದ್ದಲ್ಲ. ಅವತ್ತು ಆ ಬರೀ ಗೋಡೆಯ ಮುಂದೆ, ಕಟ್ ಎಂದ ಮೇಲಿನದು. ವಾಪಸ್ ಬಂದ ಮೇಲೆ ಕರೀತೀರಲ್ಲ, ಎಂದು ಮ್ಯಾನೇಜರ್‌ನನ್ನು ಕೇಳಿದ್ದೆ. ಅವನು ಮೊಬೈಲಿನಿಂದ ತಲೆ ಎತ್ತಲಿಲ್ಲ. ಹೂಂ ಎನ್ನುತ್ತಾನೇನೋ ಎಂದು ನೋಡುತ್ತಾ ನಿಂತಿದ್ದೆ. ಕ್ಯಾಮೆರಾ ಓಡುತ್ತಲೇ ಇತ್ತು, ನನಗೆ ಗೊತ್ತಿರಲಿಲ್ಲ.

ಅಷ್ಟು ಸಂಕಟ ಎಲ್ಲಿಂದ ತಂದುಕೊಂಡೆ ಎಂದು ತಂಗಿ ಕೇಳುತ್ತಲೇ ಇದ್ದಾಳೆ. ಅವಳಿಗೆ ಏನೆಂದು ಹೇಳಲಿ?