ಐವತ್ತು ಸಾವಿರ ಚುಕ್ಕಿಗಳ ಕಪ್ಪೆ

ಕಾತ್ಸುಶಿಕಾ, ಟೋಕಿಯೊ
ನವೆಂಬರ್ 17, 2024

ಪ್ರೀತಿಯ ಕಿಯೊತಾಕಾ ಅಣ್ಣಾ,

ಹೇಗಿದ್ದೀಯ? ಟ್ಯೂನಾ ಹಡಗಿನ ಅಡುಗೆಯವನು ಈಗಲಾದರೂ ಅನ್ನ ಬೇಯಿಸುವುದು ಕಲಿತನೇ? ಸೊಂಟನೋವಿಗೆ ಪಟ್ಟಿಗಳನ್ನು ಕಳಿಸಿದ್ದೇನೆ, ಬಿಗುಮಾನ ಬಿಟ್ಟು ಅಂಟಿಸಿಕೋ. ಹಡಗು ಕೇಪ್‌ಟೌನಿನಲ್ಲಿ ನಿಂತಾಗ ಈ ಪತ್ರ ನಿನ್ನ ಕೈಸೇರಬೇಕು.

ಮೊದಲು ತಪ್ಪೊಪ್ಪಿಗೆ. ನಿನ್ನ ಕಪ್ಪೆಯನ್ನು ನಾನು ಒಡೆದೆ. ಅಪ್ಪ ಆಟಿಕೆ ಕಂಪನಿಯಲ್ಲಿದ್ದಾಗ ತಾವೇ ಪ್ರೋಗ್ರಾಂ ಬರೆದ ಆ ಮೊಟ್ಟೆಯಾಕಾರದ ಆಟಿಕೆ. ಹಸಿವಾದರೆ ಪುಟ್ಟ ಪರದೆಯೊಳಗಿಂದ ಕುಂಯ್ ಎನ್ನುತ್ತಿದ್ದ ಕಪ್ಪೆ. ನೀನು ಶಾಲೆಗೆ ಹೋದ ಮೇಲೆ ಅಮ್ಮ, ಪಾಪ, ಮೂಲಂಗಿ ಹೆಚ್ಚುವುದನ್ನು ಬಿಟ್ಟು ಅದಕ್ಕೆ ಉಣಿಸುತ್ತಿದ್ದಳು. "ಎರಡನ್ನ ನಾನು ಹೆತ್ತೆ, ಮೂರನೇದನ್ನ ನಿಮ್ಮಪ್ಪ ಆಫೀಸಿಂದ ತಂದ್ರು" ಎಂದು ಗೊಣಗುತ್ತಿದ್ದಳು. ಆ ಆಟಿಕೆ ಅಂಗಡಿಗೆ ಬರುವ ಮೊದಲೇ ಕಂಪನಿ ಮುಚ್ಚಿತು, ಉಳಿದದ್ದು ಅದೊಂದೇ. ಈಗ ಬ್ಯಾಟರಿ ಸೋರಿ ಒಳಗಿನ ತಾಮ್ರದ ಗೆರೆಗಳೆಲ್ಲ ಸವೆದುಹೋಗಿದ್ದವು. ಇಂಥ ಹಳೆಯ ಆಟಿಕೆಗಳನ್ನು ಮೊಬೈಲಿನಲ್ಲಿ ಮತ್ತೆ ಓಡಿಸುವ ಹುಚ್ಚರ ಗುಂಪಿನಲ್ಲಿ ನಾನೂ ಒಬ್ಬಳು ಎಂದು ನಿನಗೆ ಗೊತ್ತಲ್ಲ. ಒಳಗಿನ ಕಂಪ್ಯೂಟರ್ ಚಿಪ್‌ನ ಮೇಲಿನ ಹೊದಿಕೆಯನ್ನು ಆ್ಯಸಿಡ್‌ನಲ್ಲಿ ಕರಗಿಸಿದರೆ ಅಪ್ಪ ಬರೆದದ್ದು ಸೂಕ್ಷ್ಮದರ್ಶಕದಲ್ಲಿ ಕಾಣುತ್ತದೆ. ಆದರೆ ಆಟಿಕೆಯನ್ನು ಮತ್ತೆ ಜೋಡಿಸಲಾಗುವುದಿಲ್ಲ. ನಾನು ಹಿಂದೆಮುಂದೆ ನೋಡುತ್ತಿದ್ದಾಗ ಅಪ್ಪನೇ ರೇಗಿದರು: "ಅದು ಸತ್ತು ಇಪ್ಪತ್ತು ವರ್ಷ ಆಯ್ತು. ಇನ್ನೆಷ್ಟು ದಿನ ಸೂತಕ ಹಿಡೀತೀಯೇ? ಬಿಚ್ಚು!"

ಅಣ್ಣಾ, ನೀನು ನೋಡಬೇಕಿತ್ತು. ಅಕ್ಕಿಕಾಳಿನಷ್ಟು ಜಾಗದಲ್ಲಿ ಐವತ್ತು ಸಾವಿರ ಚುಕ್ಕಿಗಳ ಮನೆ. ಚುಕ್ಕಿ ಇದ್ದರೆ ಒಂದು, ಇಲ್ಲದಿದ್ದರೆ ಸೊನ್ನೆ. ಕಪ್ಪೆಯ ಹಸಿವು, ನಿದ್ದೆ, ಮುನಿಸು, ಸಾವು ಎಲ್ಲವೂ ಅಲ್ಲಿ ಸಾಲಾಗಿ ಕೂತಿದ್ದವು. ಉಸಿರು ಬಿಡಲೂ ಹೆದರಿದೆ. ಎರಡು ತಿಂಗಳು ಒಂದೊಂದನ್ನೇ ಓದಿ ಮೊಬೈಲಿಗೆ ತುಂಬಿಸಿದೆ. ಪರದೆಯಲ್ಲಿ ಮೊಟ್ಟೆ ಅಲುಗಾಡಿತು, ಒಡೆಯಲಿಲ್ಲ. ಕುಟ್ ಕುಟ್ ಎನ್ನುತ್ತ ಮತ್ತೆ ಮತ್ತೆ ಅಲುಗಾಡಿತು, ಅಷ್ಟೇ. ನನಗೆ ಅಳುವೇ ಬಂತು. ಕಣ್ಣು ಮುಚ್ಚಿ ಕೇಳುತ್ತ ಕೂತಿದ್ದ ಅಪ್ಪ, "ಮೂರು ಸಲ ಕುಟ್ಟಿ ನಿಲ್ಬೇಕು, ಇದು ನಿಲ್ತಾನೇ ಇಲ್ಲ. ಕಪ್ಪೆ ಹುಟ್ಟೋ ಭಾಗದಲ್ಲಿ, ಎಣಿಕೆ ಇಳಿಸೋ ಸಾಲು ನೋಡು, ಏಳನೇದು" ಎಂದರು. ಇಪ್ಪತ್ತೇಳು ವರ್ಷದ ಹಿಂದಿನ ಸಾಲು! ನಿನ್ನೆ ಉಂಡದ್ದು ನೆನಪಿರದ ಮನುಷ್ಯ! ಹೋಗಿ ನೋಡಿದರೆ, ಏಳನೆಯ ಸಾಲಿನಲ್ಲಿ ನಾನು ಚುಕ್ಕಿ ಎಂದುಕೊಂಡದ್ದು ಒಂದು ಧೂಳಿನ ಕಣ. ಅದನ್ನು ಸೊನ್ನೆ ಮಾಡಿದೆ. ಕುಟ್, ಕುಟ್, ಕುಟ್. ಕಪ್ಪೆ ಹೊರಗೆ ಬಂದು, ಬಂದೊಡನೆ ಹಸಿವೆಂದು ಕುಂಯ್ ಎಂದಿತು. ಅಪ್ಪ ಮೊಬೈಲನ್ನು ಎರಡೂ ಕೈಯಲ್ಲಿ ಬೊಗಸೆ ಮಾಡಿ ಹಿಡಿದು, "ಬಂದ್ಯೇನೋ? ಬಾ, ಬಾ" ಎಂದರು. ಚಹಾ ತಣ್ಣಗಾಯಿತು. ಇಬ್ಬರಿಗೂ ಏಳುವ ಮನಸ್ಸಾಗಲಿಲ್ಲ.

ಸಮುದ್ರ ನಿನ್ನನ್ನು ಮೆಲ್ಲಗೆ ತೂಗಲಿ. ಪತ್ರ ಬರೆಯದ ಸೋಮಾರಿಗೆ ಬೈಗುಳ ತಿಳಿಸು ಎಂದಿದ್ದಾರೆ ಅಪ್ಪ. ಅದನ್ನೇ ಆಶೀರ್ವಾದ ಎಂದುಕೋ.

ನಿನ್ನ ತಂಗಿ,
ಚಿಗುಸಾ

ತಾ.ಕ.: ಅಂಚೆ ಡಬ್ಬದ ಮೇಲೆ ಇಟ್ಟುಕೊಂಡು ಬರೆಯುತ್ತಿದ್ದೇನೆ. ಅಪ್ಪನಿಗೆ ಆ ಕಪ್ಪೆ ಕಾಣಲೇ ಇಲ್ಲ, ಅಣ್ಣಾ. ನಿನಗೆ ಹೇಳಕೂಡದೆಂದು ಆಣೆ ಹಾಕಿಸಿಕೊಂಡಿದ್ದಾರೆ. ನಾವು ತೀರ ಹತ್ತಿರ ಬಂದರೆ ಅವರಿಗೆ ಮುಖದ ಗುರುತು ಇನ್ನೂ ಹತ್ತುತ್ತದೆ, ಅದೂ ಹೊಸ ವರ್ಷದವರೆಗೆ ಮಾತ್ರ ಎಂದಿದ್ದಾರೆ ಡಾಕ್ಟರು. ಕೇಪ್‌ಟೌನಿನಿಂದಲೇ ವಿಮಾನ ಹತ್ತು.